ಒಳಕಿವಿ–ಕಣ್ಣಿನ ಪ್ರತಿವರ್ತನ: ತಲೆ ಅಲುಗಿದರೂ ನೋಟ ಅಲುಗದಿರುವುದು ಹೇಗೆ?

ತುಮಕೂರಿನ ಅಮಾನಿಕೆರೆಯ ಬಳಿ ಬೆಳಗಿನ ಹೊತ್ತು ಬಿರುಸಾಗಿ ನಡೆಯುವವರ ತಲೆ ಸೆಕೆಂಡಿಗೆ ಸುಮಾರು ಎರಡು ಬಾರಿ ಮೇಲೆ ಕೆಳಗೆ ಅಲುಗುತ್ತದೆ. ಆದರೂ ಎದುರು ಬರುವವರ ಮುಖವಾಗಲಿ ದೂರದ ಫಲಕದ ಅಕ್ಷರಗಳಾಗಲಿ ಅವರಿಗೆ ಕುಣಿದಂತೆ ಕಾಣುವುದಿಲ್ಲ. ತಲೆ ಎಷ್ಟು ವೇಗದಲ್ಲಿ ತಿರುಗಿತೋ ಹೆಚ್ಚುಕಡಿಮೆ ಅಷ್ಟೇ ವೇಗದಲ್ಲಿ ಕಣ್ಣುಗುಡ್ಡೆಗಳನ್ನು ವಿರುದ್ಧ ದಿಕ್ಕಿಗೆ ತಿರುಗಿಸಿ, ಅಕ್ಷಿಪಟಲದ ಮೇಲಿನ ಬಿಂಬ ಜಾರದಂತೆ ನೋಡಿಕೊಳ್ಳುವ ಅನೈಚ್ಛಿಕ ಕ್ರಿಯೆಯನ್ನು ವೆಸ್ಟಿಬ್ಯುಲೊ-ಆಕ್ಯುಲರ್ ರಿಫ್ಲೆಕ್ಸ್, ಅಂದರೆ ಒಳಕಿವಿ–ಕಣ್ಣಿನ ಪ್ರತಿವರ್ತನ ಎನ್ನುತ್ತಾರೆ.

ಈ ಕೆಲಸವನ್ನು ಕಣ್ಣೇ ಮಾಡಿಕೊಳ್ಳಲಾರದು, ಏಕೆಂದರೆ ಬಿಂಬ ಜಾರಿದ್ದನ್ನು ಗುರುತಿಸಿ ಕಣ್ಣನ್ನು ಸರಿಪಡಿಸಲು ದೃಷ್ಟಿಯ ಮಾರ್ಗಕ್ಕೆ 70 ಮಿಲಿಸೆಕೆಂಡಿಗೂ ಹೆಚ್ಚು ಸಮಯ ಬೇಕು. ಒಳಕಿವಿಯ ಮಾರ್ಗಕ್ಕೆ ಸುಮಾರು 10 ಮಿಲಿಸೆಕೆಂಡು ಸಾಕು. ಈ ಅಂತರವನ್ನು ಯಾರು ಬೇಕಾದರೂ ಪರೀಕ್ಷಿಸಬಹುದು: ದಿನಪತ್ರಿಕೆಯನ್ನು ಅಲುಗದಂತೆ ಹಿಡಿದು ತಲೆಯನ್ನು ಎಡಕ್ಕೂ ಬಲಕ್ಕೂ ಆಡಿಸಿದರೆ ಅಕ್ಷರಗಳು ಓದಲು ಸಿಗುತ್ತವೆ, ತಲೆಯನ್ನು ಸ್ಥಿರವಾಗಿಟ್ಟು ಪತ್ರಿಕೆಯನ್ನು ಅಷ್ಟೇ ವೇಗವಾಗಿ ಆಡಿಸಿದರೆ ಸಾಲುಗಳು ಕಲಸಿಹೋಗುತ್ತವೆ.

ಪ್ರತಿ ಒಳಕಿವಿಯಲ್ಲೂ ಕೇಳುವ ಅಂಗವಾದ ಕಾಕ್ಲಿಯದ ಪಕ್ಕದಲ್ಲಿ, ಒಂದಕ್ಕೊಂದು ಹೆಚ್ಚುಕಡಿಮೆ ಲಂಬವಾಗಿ ನಿಂತ ಮೂರು ಅರೆವೃತ್ತಾಕಾರದ ನಾಳಗಳಿದ್ದು, ಅವುಗಳಲ್ಲಿ ದ್ರವ ತುಂಬಿರುತ್ತದೆ. ನೀರು ತುಂಬಿದ ಬಿಂದಿಗೆಯನ್ನು ಥಟ್ಟನೆ ತಿರುಗಿಸಿದಾಗ ಒಳಗಿನ ನೀರು ಹಿಂದುಳಿಯುವಂತೆ, ತಲೆ ತಿರುಗಿದಾಗ ಈ ದ್ರವವೂ ಹಿಂದುಳಿದು, ನಾಳದ ಬುಡದಲ್ಲಿರುವ ಮೆತ್ತನೆಯ ತಡೆಯನ್ನು ಒಂದು ಬದಿಗೆ ಬಾಗಿಸುತ್ತದೆ. ಅದರೊಳಗೆ ಚಾಚಿಕೊಂಡಿರುವ ರೋಮಕೋಶಗಳ ಕೂದಲುಗಳೂ ಬಾಗುತ್ತವೆ, ಈ ಬಾಗುವಿಕೆಯೇ ನರದ ಸಂಕೇತವನ್ನು ಬದಲಿಸುತ್ತದೆ. ತಲೆ ಎಡಕ್ಕೆ ತಿರುಗಿದರೆ ಎಡಗಿವಿಯ ಅಡ್ಡ ನಾಳದಿಂದ ಹೋಗುವ ಸಂಕೇತ ಹೆಚ್ಚುತ್ತದೆ, ಬಲಗಿವಿಯದ್ದು ತಗ್ಗುತ್ತದೆ. ಈ ವ್ಯತ್ಯಾಸ ಒಳಕಿವಿಯನ್ನು ಮೆದುಳಿಗೆ ಜೋಡಿಸುವ ಎಂಟನೆಯ ಕಪಾಲ ನರದ ಮೂಲಕ ಮೆದುಳಿನ ಕಾಂಡವನ್ನು ತಲುಪಿ, ಅಲ್ಲಿಂದ ಬಲಗಣ್ಣನ್ನು ಹೊರಕ್ಕೂ ಎಡಗಣ್ಣನ್ನು ಮೂಗಿನ ಕಡೆಗೂ ಎಳೆಯುವ ಸ್ನಾಯುಗಳಿಗೆ ಹೋಗುವುದರಿಂದ, ಎರಡೂ ಕಣ್ಣುಗಳು ಒಟ್ಟಿಗೆ ಬಲಕ್ಕೆ ಹೊರಳುತ್ತವೆ. ಈ ದಾರಿಯಲ್ಲಿ ಮುಖ್ಯವಾಗಿ ಮೂರೇ ನರಕೋಶಗಳ ಕೊಂಡಿ ಇರುವುದೇ ಇದರ ವೇಗಕ್ಕೆ ಕಾರಣ.

ಈ ವ್ಯವಸ್ಥೆಯಲ್ಲಿ ನನಗೆ ಅತ್ಯಂತ ಬೆರಗು ಹುಟ್ಟಿಸುವುದು ಅದರ ಕಲಿಯುವ ಶಕ್ತಿ. ಹೊಸ ಕನ್ನಡಕವು ಬಿಂಬದ ಗಾತ್ರವನ್ನು ಬದಲಿಸುವುದರಿಂದ ಹಳೆಯ ಲೆಕ್ಕ ತಪ್ಪಿ, ಮೊದಲ ದಿನಗಳಲ್ಲಿ ತಲೆ ತಿರುಗಿಸಿದಾಗ ಸುತ್ತಲಿನದೆಲ್ಲ ತೇಲಿದಂತಾಗಬಹುದು. ಮೆದುಳಿನ ಹಿಂಭಾಗದಲ್ಲಿರುವ ಅನುಮಸ್ತಿಷ್ಕವು ಆ ತಪ್ಪನ್ನು ಗಮನಿಸುತ್ತ ಕಣ್ಣಿನ ಚಲನೆಯ ಪ್ರಮಾಣವನ್ನು ಕ್ರಮೇಣ ಹೊಂದಿಸುತ್ತದೆ.

ಎರಡೂ ಒಳಕಿವಿಗಳು ಹಾನಿಗೊಂಡರೆ ನಡೆಯುವಾಗ ಇಡೀ ದೃಶ್ಯವೇ ಕುಲುಕುತ್ತದೆ. ಸ್ಟ್ರೆಪ್ಟೊಮೈಸಿನ್, ಜೆಂಟಮೈಸಿನ್‌ನಂತಹ ಔಷಧಗಳಿಂದಲೂ ಇಂಥ ಹಾನಿಯಾಗಬಹುದು. ಆಗ ಕನ್ನಡಕ ಬದಲಿಸಿ ಪ್ರಯೋಜನವಿಲ್ಲವಾದ್ದರಿಂದ, ನಿಂತಾಗ ಸ್ಪಷ್ಟವಾಗಿದ್ದು ನಡೆಯುವಾಗ ಮಾತ್ರ ನೋಟ ಕುಣಿಯುವವರು ಕಿವಿ-ಮೂಗು-ಗಂಟಲು ತಜ್ಞರನ್ನೋ ನರರೋಗ ತಜ್ಞರನ್ನೋ ಕಾಣಬೇಕು. 1988ರಲ್ಲಿ ಸಂಶೋಧಕರಾದ ಹಾಲ್ಮಾಗಿ ಮತ್ತು ಕರ್ತಾಯ್ಸ್ ವಿವರಿಸಿದ ಸರಳ ಪರೀಕ್ಷೆಯಲ್ಲಿ, ರೋಗಿಯು ವೈದ್ಯರ ಮೂಗಿನ ಮೇಲೆ ದೃಷ್ಟಿ ನೆಟ್ಟಿರುವಾಗ ವೈದ್ಯರು ಅವರ ತಲೆಯನ್ನು ಥಟ್ಟನೆ ಸ್ವಲ್ಪ ತಿರುಗಿಸುತ್ತಾರೆ. ಕಣ್ಣು ತಲೆಯೊಡನೆ ಸರಿದು ಬಳಿಕ ನೆಗೆದು ಮೂಗಿಗೆ ಮರಳಿದರೆ, ತಲೆ ಯಾವ ಕಡೆ ತಿರುಗಿತ್ತೋ ಆ ಕಡೆಯ ಒಳಕಿವಿಯೋ ಅದರ ನರವೋ ದುರ್ಬಲವಾಗಿದೆ ಎಂದು ತಿಳಿಯುತ್ತದೆ.