ಕಾಗೋಡಿನ ಕೊಳಗ: ಗೇಣಿ ರೈತರ ದೂರು ಕಾನೂನಾದ ಬಗೆ

ಶಿವಮೊಗ್ಗ ಜಿಲ್ಲೆಯ ಸಾಗರ ತಾಲ್ಲೂಕಿನ ಕಾಗೋಡು ಸಣ್ಣ ಹಳ್ಳಿ. ಕರ್ನಾಟಕದ ಭೂಸುಧಾರಣೆಯ ಮಾತು ಬಂದಾಗಲೆಲ್ಲ 1951ರಲ್ಲಿ ಗೇಣಿದಾರರ ಸತ್ಯಾಗ್ರಹ ನಡೆದ ಈ ಊರಿನ ಹೆಸರು ಬರುತ್ತದೆ, ಜೊತೆಗೆ ‘ಉಳುವವನೇ ಹೊಲದೊಡೆಯ’ ಎಂಬ ಘೋಷಣೆಯೂ ಬರುತ್ತದೆ. ಹೀಗಾಗಿ ಕಾಗೋಡಿನ ಗೇಣಿದಾರರು ಮೊದಲ ದಿನದಿಂದಲೇ ಭೂಮಿಯ ಒಡೆತನ ಕೇಳಿ ಬೀದಿಗಿಳಿದರು ಎಂಬ ಗ್ರಹಿಕೆ ಬೆಳೆದಿದೆ. ಅವರು ಮೊದಲು ಕೇಳಿದ್ದು ಅದಕ್ಕಿಂತ ತೀರ ಚಿಕ್ಕದನ್ನು: ಗೇಣಿ ಭತ್ತ ಅಳೆಯುವ ಕೊಳಗ ಸರಿಯಾಗಿರಬೇಕು, ಅಳೆದುಕೊಟ್ಟ ಭತ್ತಕ್ಕೆ ರಶೀದಿ ಸಿಗಬೇಕು, ಬಿಟ್ಟಿ ಚಾಕರಿ ನಿಲ್ಲಬೇಕು. ಇಷ್ಟು ಸಣ್ಣ ಬೇಡಿಕೆಗೆ ಒಕ್ಕಲೆಬ್ಬಿಸುವಿಕೆಯೇ ಉತ್ತರವಾದದ್ದು ಏಕೆ, ಅದು ರಾಜ್ಯದ ಕಾನೂನಿನ ಪ್ರಶ್ನೆಯಾಗಿ ಬೆಳೆದದ್ದು ಹೇಗೆ ಎಂಬುದು ಅರ್ಥವಾಗಬೇಕಾದರೆ ಗದ್ದೆಯ ಲೆಕ್ಕ ಯಾರ ಕೈಯಲ್ಲಿತ್ತು ಎಂಬುದನ್ನು ಮೊದಲು ನೋಡಬೇಕು.

ಸಾಗರದ ಸೀಮೆ ಕೆಳದಿ ಅರಸರ ನಾಡು. ಹದಿನೇಳನೆಯ ಶತಮಾನದಲ್ಲಿ ಶಿವಪ್ಪನಾಯಕ ಭೂಮಿಯನ್ನು ಫಲವತ್ತತೆಗೆ ತಕ್ಕಂತೆ ವರ್ಗ ಮಾಡಿ ಕಂದಾಯ ಗೊತ್ತುಪಡಿಸಿದ ‘ಶಿವಪ್ಪನಾಯಕನ ಶಿಸ್ತು’ ಇಂದಿಗೂ ಇಲ್ಲಿನ ಜನರ ಬಾಯಲ್ಲಿದೆ. ಗದ್ದೆಯ ವಿಸ್ತಾರವನ್ನು ಬಿತ್ತುವ ಬೀಜದ ಅಳತೆಯಲ್ಲಿ, ಇಷ್ಟು ಖಂಡುಗದ ಗದ್ದೆ ಎಂದು ಹೇಳುವ ರೂಢಿ ಬಹುಕಾಲ ಉಳಿದಿತ್ತು. ಇಪ್ಪತ್ತು ಕೊಳಗ ಸೇರಿದರೆ ಒಂದು ಖಂಡುಗ. ಇಪ್ಪತ್ತನೆಯ ಶತಮಾನದ ಮಧ್ಯಭಾಗದ ಹೊತ್ತಿಗೆ ಕಾಗೋಡಿನ ಗದ್ದೆಗಳ ಒಡೆತನ ಲಿಂಗಾಯತ ಜಮೀನುದಾರರ ಕೈಯಲ್ಲಿದ್ದರೆ, ಅವುಗಳನ್ನು ಉಳುತ್ತಿದ್ದವರು ಬಹುಪಾಲು ದೀವರ ಸಮುದಾಯದವರು. ಭತ್ತದ ಬೇಸಾಯವೇ ಅವರ ಮುಖ್ಯ ಕಸುಬು. ತಲೆತಲಾಂತರದಿಂದ ಅದೇ ಗದ್ದೆಯ ಬದು ಕಟ್ಟಿ, ಅದೇ ಮಡಿಯಲ್ಲಿ ಸಸಿ ನೆಟ್ಟರೂ ಅವರಲ್ಲಿ ಹೆಚ್ಚಿನವರದು ಚಾಲಗೇಣಿ. ಮೂಲಗೇಣಿದಾರನಿಗೆ ಶಾಶ್ವತ ಹಕ್ಕೆಂಬುದಿತ್ತು. ಚಾಲಗೇಣಿದಾರನಾದರೋ ಒಡೆಯ ಬಿಡು ಎಂದ ವರ್ಷ ಬಿಡಬೇಕಾದವನು.

ಸುಗ್ಗಿಯ ಹೊತ್ತಿನ ಕಣದಲ್ಲಿ ಈ ಸಂಬಂಧದ ನಿಜರೂಪ ಕಾಣುತ್ತಿತ್ತು. ಭತ್ತ ಬಡಿದು, ತೂರಿ, ರಾಶಿ ಮಾಡಿದ ಮೇಲೆ ಅಳತೆ ಆರಂಭವಾಗುತ್ತದೆ. ಮೊದಲ ಕೊಳಗಕ್ಕೆ ‘ಒಂದು’ ಎನ್ನದೆ ‘ಲಾಭ’ ಎಂದು ಎಣಿಕೆ ತೊಡಗುವುದು ಕನ್ನಡನಾಡಿನ ಕಣಗಳ ಹಳೆಯ ಪದ್ಧತಿ. ಗೇಣಿ ಅಳೆಯುವ ಕೊಳಗ ಮಾತ್ರ ಒಡೆಯನ ಮನೆಯಿಂದಲೇ ಬರುತ್ತಿತ್ತು ಮತ್ತು ಅದು ರೂಢಿಯ ಕೊಳಗಕ್ಕಿಂತ ದೊಡ್ಡದಾಗಿರುತ್ತಿತ್ತು ಎಂಬುದು ರೈತರ ದೂರು. ಒಂದು ಕೊಳಗಕ್ಕೆ ಒಂದೆರಡು ಹಿಡಿ ಹೆಚ್ಚಾದರೂ ಹತ್ತಾರು ಖಂಡುಗ ಅಳೆಯುವಷ್ಟರಲ್ಲಿ ಒಂದು ಮನೆಯ ಮಳೆಗಾಲದ ಊಟ ಕಣದಿಂದಲೇ ಹೊರಟುಹೋಗುತ್ತದೆ. ಅದರ ಮೇಲೆ ರಶೀದಿಯಿಲ್ಲ. ಈ ವರ್ಷ ಎಷ್ಟು ಅಳೆದುಕೊಟ್ಟೆ, ಹಿಂದಿನ ಬಾಕಿ ಎಷ್ಟು ತೀರಿತು ಎಂಬುದಕ್ಕೆ ಒಡೆಯನ ಪುಸ್ತಕವೊಂದೇ ಆಧಾರ. ಆ ಪುಸ್ತಕವನ್ನು ಓದಲು ಬಲ್ಲ ಗೇಣಿದಾರ ಅಪರೂಪ, ಓದಲು ಬಂದರೂ ಕೇಳಿ ನೋಡುವ ಧೈರ್ಯ ಇನ್ನೂ ಅಪರೂಪ. ರಶೀದಿ ಕೊಡದಿರುವುದರ ಹಿಂದೆ ಬಾಕಿಯ ಲೆಕ್ಕಕ್ಕಿಂತ ದೊಡ್ಡ ಅನುಕೂಲವೊಂದಿತ್ತು: ಈತ ತನ್ನ ಗೇಣಿದಾರ ಎಂಬುದಕ್ಕೇ ಕಾಗದದಲ್ಲಿ ಸಾಕ್ಷ್ಯ ಉಳಿಯುತ್ತಿರಲಿಲ್ಲ.

ಕಾಗದದಲ್ಲಿ ಹೆಸರಿಲ್ಲದ ಈ ಜನರು ಭೂಮಿಯೊಂದಿಗೆ ಇಟ್ಟುಕೊಂಡ ನಂಟನ್ನು ತಿಳಿಯಬೇಕಾದರೆ ಭೂಮಿ ಹುಣ್ಣಿಮೆಯನ್ನು ನೋಡಬೇಕು. ಭತ್ತ ಹೊಡೆ ತುಂಬುವ ಕಾಲಕ್ಕೆ ಬರುವ ಈ ಹಬ್ಬದಲ್ಲಿ ಭೂಮಿಯನ್ನು ಬಸುರಿ ಎಂದೇ ಭಾವಿಸಿ ಬಯಕೆಯ ಊಟ ಬಡಿಸಲಾಗುತ್ತದೆ. ದೀವರ ಹೆಂಗಸರು ಬಿದಿರಿನ ಬುಟ್ಟಿಗೆ ಕೆಮ್ಮಣ್ಣು ಬಳಿದು, ಅದರ ಮೇಲೆ ಅಕ್ಕಿ ಹಿಟ್ಟಿನ ಬಿಳಿಯಲ್ಲಿ ಗೆರೆಗೆರೆಯಾಗಿ ಚಿತ್ತಾರ ಬರೆಯುತ್ತಾರೆ. ರಾತ್ರಿಯಿಡೀ ಎಚ್ಚರವಿದ್ದು ಅಡುಗೆ ಮಾಡಿ, ಬೆಳಕು ಹರಿಯುವ ಮುನ್ನವೇ ಆ ಭೂಮಣ್ಣಿ ಬುಟ್ಟಿಯನ್ನು ಹೊರಿಸಿ ಗದ್ದೆಗೆ ಕಳಿಸುತ್ತಾರೆ, ಗದ್ದೆಯ ತುಂಬ ಚರಗ ಚೆಲ್ಲಲಾಗುತ್ತದೆ. ಹೀಗೆ ಬಯಕೆ ತೀರಿಸಿದ ಗದ್ದೆಯಿಂದ ಮುಂದಿನ ಬೇಸಿಗೆಯಲ್ಲಿ ಏಳು ಎಂದರೆ ಏಳಲೇಬೇಕಾದ ಸ್ಥಿತಿ ಚಾಲಗೇಣಿದಾರನದು. ಹಬ್ಬವನ್ನು ಬರಿಯ ಜಾನಪದ ಸೊಗಸಾಗಿ ನೋಡುವವರಿಗೆ ಈ ಸಂಗತಿ ತಪ್ಪಿಹೋಗುತ್ತದೆ ಎನ್ನಿಸುತ್ತದೆ.

ಲೆಕ್ಕ ಕೇಳುವ ಧೈರ್ಯವನ್ನು ಈ ರೈತರಲ್ಲಿ ತುಂಬಿದವರು ಎಚ್. ಗಣಪತಿಯಪ್ಪ. ಶಾಲಾ ಶಿಕ್ಷಕರಾಗಿದ್ದ ಅವರು 1940ರ ದಶಕದ ಕೊನೆಯ ಹೊತ್ತಿಗೆ ಸಾಗರ ತಾಲ್ಲೂಕಿನಲ್ಲಿ ರೈತ ಸಂಘ ಕಟ್ಟಿ ಗೇಣಿದಾರರನ್ನು ಒಗ್ಗೂಡಿಸಿದರು. ಅಕ್ಷರ ಬಲ್ಲವನೊಬ್ಬ ತಮ್ಮ ಪರವಾಗಿ ಅರ್ಜಿ ಬರೆಯಬಲ್ಲ, ಅಧಿಕಾರಿಗಳೆದುರು ಮಾತನಾಡಬಲ್ಲ ಎಂಬುದೇ ಆ ಜನರಿಗೆ ಹೊಸ ಅನುಭವವಾಗಿತ್ತು. ಸ್ವಾತಂತ್ರ್ಯ ಬಂದಿತ್ತು, ಮೈಸೂರಿನಲ್ಲಿ ಕೆ.ಸಿ. ರೆಡ್ಡಿಯವರ ಜವಾಬ್ದಾರಿ ಸರ್ಕಾರವೂ ಬಂದಿತ್ತು, ಆದರೆ ಕಣದ ಕೊಳಗ ಬದಲಾಗಿರಲಿಲ್ಲ. ಸಂಘ ಅದನ್ನು ಬದಲಿಸಲು ಕೇಳಿತು, ಜಮೀನುದಾರರು ಒಪ್ಪಲಿಲ್ಲ. ರೈತರು ಪಟ್ಟು ಬಿಡದಿದ್ದಾಗ, ಗದ್ದೆಗೆ ಇಳಿಯಕೂಡದು ಎಂಬ ಆಜ್ಞೆ ಬಂತು.

1951ರ ಏಪ್ರಿಲ್ 18ರಂದು ಕಾಗೋಡಿನ ಗೇಣಿದಾರರು ನೇಗಿಲು ಹೊತ್ತು, ತಾವು ಇಳಿಯಕೂಡದೆಂದು ಹೇಳಲಾಗಿದ್ದ ಗದ್ದೆಗಳಿಗೆ ಇಳಿದರು. ಅದೇ ದಿನ ತೆಲಂಗಾಣದ ಪೋಚಂಪಲ್ಲಿಯಲ್ಲಿ ವಿನೋಬಾ ಭಾವೆಯವರಿಗೆ ಜಮೀನುದಾರರೊಬ್ಬರು 100 ಎಕರೆ ದಾನ ಕೊಟ್ಟು ಭೂದಾನ ಚಳವಳಿ ಮೊದಲಾಯಿತು. ಭೂಮಿಯ ಪ್ರಶ್ನೆಗೆ ದೇಶ ಕಂಡುಕೊಂಡ ಎರಡು ದಾರಿಗಳು ಒಂದೇ ದಿನ ತೆರೆದದ್ದು ಆಕಸ್ಮಿಕವೇ ಇರಬಹುದು, ಆದರೂ ಭೂದಾನಕ್ಕೆ ಸಿಕ್ಕ ಪ್ರಚಾರದ ಒಂದು ಪಾಲೂ ಕಾಗೋಡಿಗೆ ಸಿಗಲಿಲ್ಲ ಎಂಬುದನ್ನು ಹೇಳಲೇಬೇಕು. ಇಲ್ಲಿ ತಂಡ ತಂಡವಾಗಿ ರೈತರು ಗದ್ದೆಗೆ ಇಳಿಯುವುದು, ಪೊಲೀಸರು ಬಂಧಿಸಿ ಒಯ್ಯುವುದು, ಮರುದಿನ ಇನ್ನೊಂದು ತಂಡ ಸಿದ್ಧವಾಗುವುದು ನಡೆಯಿತು. ಹೆಂಗಸರೂ ಹಿಂದೆ ಉಳಿಯಲಿಲ್ಲ. ಸಮಾಜವಾದಿ ಪಕ್ಷ ಚಳವಳಿಯನ್ನು ಕೈಗೆತ್ತಿಕೊಂಡಿತು, ತೀರ್ಥಹಳ್ಳಿ ಸೀಮೆಯ ಶಾಂತವೇರಿ ಗೋಪಾಲಗೌಡರು ಅದರ ಮುಂಚೂಣಿಗೆ ಬಂದರು. ಜೂನ್ ತಿಂಗಳಲ್ಲಿ ಸಮಾಜವಾದಿ ನಾಯಕ ರಾಮಮನೋಹರ ಲೋಹಿಯಾ ಸ್ವತಃ ಕಾಗೋಡಿಗೆ ಬಂದು ಸತ್ಯಾಗ್ರಹದಲ್ಲಿ ಪಾಲ್ಗೊಂಡು ಬಂಧನಕ್ಕೊಳಗಾದ ಮೇಲೆ ಒಂದು ತಾಲ್ಲೂಕಿನ ಗೇಣಿ ಜಗಳ ದೇಶದ ಸುದ್ದಿಯಾಯಿತು.

ಸತ್ಯಾಗ್ರಹ ಅಂದೇ ಗೆದ್ದಿತೆಂದು ಬರೆಯುವುದು ಇತಿಹಾಸಕ್ಕೆ ಮಾಡುವ ಅನ್ಯಾಯ. ಆ ಮಳೆಗಾಲದಲ್ಲಿ ರೈತರಿಗೆ ಗದ್ದೆಗಳು ಮರಳಿ ಬರಲಿಲ್ಲ. ಜೈಲಿಗೆ ಹೋದವರ ಮನೆಗಳಲ್ಲಿ ನಾಟಿ ತಪ್ಪಿತು. ರಾಜಕೀಯವಾಗಿ ಮಾತ್ರ ಫಲ ಬೇಗ ಕಾಣಿಸಿತು: 1952ರ ಮೊದಲ ಸಾರ್ವತ್ರಿಕ ಚುನಾವಣೆಯಲ್ಲಿ ಸಾಗರ–ಹೊಸನಗರ ಕ್ಷೇತ್ರದಿಂದ ಗೋಪಾಲಗೌಡರು ವಿಧಾನಸಭೆಗೆ ಆರಿಸಿಬಂದರು. ಜಮೀನೇ ಇಲ್ಲದವರ ಮತಗಳು ಜಮೀನುದಾರರ ಮತಗಳಿಗಿಂತ ಬಹಳ ಹೆಚ್ಚು ಎಂಬ ಸರಳ ಲೆಕ್ಕ ಆಗ ಎಲ್ಲ ಪಕ್ಷಗಳಿಗೂ ಮನವರಿಕೆಯಾಗಿರಬೇಕು.

ಕಾನೂನುಗಳು ಒಂದರ ಹಿಂದೆ ಒಂದು ಬಂದವು. 1952ರ ಮೈಸೂರು ಗೇಣಿ ಕಾಯ್ದೆ, 1954ರ ಇನಾಂ ರದ್ದತಿ ಕಾಯ್ದೆ, ರಾಜ್ಯ ಏಕೀಕರಣದ ಬಳಿಕ ಬಿ.ಡಿ. ಜತ್ತಿ ಸಮಿತಿಯ ವರದಿ, ಅದನ್ನು ಆಧರಿಸಿದ 1961ರ ಭೂಸುಧಾರಣಾ ಕಾಯ್ದೆ. ಈ ಹಾದಿಯಲ್ಲಿ ಮಲೆನಾಡಿನವರೇ ಆದ, ಕಂದಾಯ ಸಚಿವರಾಗಿದ್ದ ಕಡಿದಾಳ್ ಮಂಜಪ್ಪನವರ ಪಾತ್ರ ದೊಡ್ಡದು. ಆದರೆ 1961ರ ಕಾಯ್ದೆ ಜಾರಿಗೆ ಬಂದದ್ದೇ 1965ರ ಅಕ್ಟೋಬರ್ 2ರಂದು. ಅಷ್ಟರಲ್ಲಿ ಜಮೀನನ್ನು ಬಂಧುಗಳ ಹೆಸರಿಗೆ ಹಂಚಲು, ಗೇಣಿದಾರರನ್ನು ಒಕ್ಕಲೆಬ್ಬಿಸಲು, ‘ಸ್ವಇಚ್ಛೆಯಿಂದ ಬಿಟ್ಟುಕೊಟ್ಟಿದ್ದೇನೆ’ ಎಂಬ ಕಾಗದಕ್ಕೆ ಹೆಬ್ಬೆಟ್ಟು ಒತ್ತಿಸಿಕೊಳ್ಳಲು ಒಡೆಯರಿಗೆ ಬೇಕಾದಷ್ಟು ಕಾಲ ಸಿಕ್ಕಿತು. ಸ್ವಂತ ಬೇಸಾಯಕ್ಕೆಂದು ಜಮೀನನ್ನು ಹಿಂದಕ್ಕೆ ಪಡೆಯಲು ಕಾಯ್ದೆಯೇ ಅವಕಾಶ ಇಟ್ಟಿತ್ತು. ನಾಡಿನಲ್ಲಿ ಗೇಣಿದಾರರನ್ನು ರಕ್ಷಿಸಲು ಬಂದ ಕಾನೂನಿನ ಸುದ್ದಿಯೇ ಎಷ್ಟೋ ಗೇಣಿದಾರರು ಗದ್ದೆ ಕಳೆದುಕೊಳ್ಳಲು ಕಾರಣವಾಯಿತು.

ಇದೇ ಕಾಲದಲ್ಲಿ ಸಾಗರ ಸೀಮೆಯ ರೈತರ ಮೇಲೆ ಬೇರೊಂದು ದಿಕ್ಕಿನಿಂದ ಹೊಡೆತ ಬಿತ್ತು. ಶರಾವತಿಗೆ 1964ರಲ್ಲಿ ಲಿಂಗನಮಕ್ಕಿ ಅಣೆಕಟ್ಟೆ ಮುಗಿದು, ಹಿನ್ನೀರಿನಲ್ಲಿ ಸಾಗರ ಮತ್ತು ಹೊಸನಗರ ತಾಲ್ಲೂಕುಗಳ ಹಳ್ಳಿಗಳು ಮುಳುಗಿದವು. ಪರಿಹಾರ ಹೋದದ್ದು ದಾಖಲೆಯಲ್ಲಿ ಹೆಸರಿದ್ದವರಿಗೆ, ಅರಣ್ಯದಂಚಿಗೆ ಹೋಗಿ ಹೊಸದಾಗಿ ಬದುಕು ಕಟ್ಟಿಕೊಳ್ಳಬೇಕಾದದ್ದು ಎಲ್ಲರಿಗೂ.

ನಿಜವಾದ ತಿರುವು 1974ರದು. ದೇವರಾಜ ಅರಸರ ಸರ್ಕಾರ ತಂದ ತಿದ್ದುಪಡಿಯ ಪ್ರಕಾರ ಆ ವರ್ಷದ ಮಾರ್ಚ್ 1ರಂದು ರಾಜ್ಯದಲ್ಲಿ ಗೇಣಿಗೆ ಇದ್ದ ಜಮೀನೆಲ್ಲ ಸರ್ಕಾರದ್ದಾಯಿತು, ಅದನ್ನು ಉಳುತ್ತಿದ್ದವನು ಅಧಿಭೋಗದ ಹಕ್ಕಿಗೆ, ಅಂದರೆ ಜಮೀನನ್ನು ತನ್ನ ಹೆಸರಿಗೆ ಪಡೆಯಲು, ಅರ್ಜಿ ಹಾಕಬಹುದಾಯಿತು. ಸೈನಿಕರು ಮತ್ತು ನಾವಿಕರ ಜಮೀನನ್ನು ಬಿಟ್ಟರೆ ಮುಂದೆ ಗೇಣಿಗೆ ಕೊಡುವುದೇ ನಿಷಿದ್ಧ. ಗೋಪಾಲಗೌಡರು ಇದನ್ನು ನೋಡಲು ಉಳಿಯಲಿಲ್ಲ, ಅವರು 1972ರಲ್ಲೇ ತೀರಿಕೊಂಡಿದ್ದರು. ಆದರೆ ಅದೇ ವರ್ಷ ಕಾಗೋಡಿನವರೇ ಆದ ಕಾಗೋಡು ತಿಮ್ಮಪ್ಪ ಮೊದಲ ಬಾರಿಗೆ ವಿಧಾನಸಭೆಗೆ ಆರಿಸಿಬಂದಿದ್ದರು.

1974ರ ತಿದ್ದುಪಡಿಯ ಬಲ ಅದರ ಘೋಷಣೆಗಿಂತ ಅದು ಕಟ್ಟಿದ ವ್ಯವಸ್ಥೆಯಲ್ಲಿತ್ತು. ಹಕ್ಕನ್ನು ತೀರ್ಮಾನಿಸಲು ತಾಲ್ಲೂಕು ಮಟ್ಟದಲ್ಲಿ ಭೂ ನ್ಯಾಯಮಂಡಳಿಗಳು ಬಂದವು. ಉಪವಿಭಾಗಾಧಿಕಾರಿ ಅಧ್ಯಕ್ಷ, ಸರ್ಕಾರ ನೇಮಿಸಿದ ನಾಲ್ವರು ಸದಸ್ಯರು, ಅವರಲ್ಲಿ ಒಬ್ಬರಾದರೂ ಪರಿಶಿಷ್ಟ ಜಾತಿ ಅಥವಾ ಪಂಗಡದವರು. ಮಂಡಳಿಯ ಮುಂದೆ ವಕೀಲರು ಬರುವಂತಿರಲಿಲ್ಲ. ಗೇಣಿದಾರ ತುಂಬಬೇಕಾದದ್ದು ನಮೂನೆ 7 ಎಂಬ ಒಂದು ಅರ್ಜಿ ಮಾತ್ರ. ಆದರೂ ವಿಚಾರಣೆಯ ದಿನ ಹಳೆಯ ಪ್ರಶ್ನೆಯೇ ಎದುರಾಗುತ್ತಿತ್ತು: ನೀನು ಗೇಣಿದಾರ ಎನ್ನುವುದಕ್ಕೆ ಏನು ದಾಖಲೆ? ಪಹಣಿಯಲ್ಲಿ ಹೆಸರಿದ್ದವನ ಕೆಲಸ ಸುಲಭ. ಹೆಸರಿಲ್ಲದವನು ಪಕ್ಕದ ಗದ್ದೆಯವರನ್ನು ಸಾಕ್ಷಿಗೆ ಕರೆತರಬೇಕು, ಗದ್ದೆಯ ಚೆಕ್ಕುಬಂದಿ ಬಾಯಿಯಲ್ಲೇ ಹೇಳಬೇಕು, ಯಾವ ಮಡಿಯ ನೀರು ಎಲ್ಲಿಗೆ ಹರಿಯುತ್ತದೆ ಎಂಬುದನ್ನು ಒಡೆಯನಿಗಿಂತ ಚೆನ್ನಾಗಿ ತಿಳಿಸಬೇಕು. ಬಾಯಿಮಾತಿನ ಸಾಕ್ಷ್ಯಕ್ಕೆ ಬೆಲೆ ಕೊಟ್ಟ ಮಂಡಳಿಗಳಿದ್ದ ಕಡೆ ಇಂಥವರೂ ಗೆದ್ದರು. ಎಲ್ಲ ಕಡೆ ಹಾಗಾಗಲಿಲ್ಲ. ಅರ್ಜಿಯ ಗಡುವು ಮತ್ತೆ ಮತ್ತೆ ಮುಂದಕ್ಕೆ ಹೋಗಿ 1979ರ ಜೂನ್ 30ಕ್ಕೆ ನಿಂತಾಗ ರಾಜ್ಯದಲ್ಲಿ ಸುಮಾರು 8 ಲಕ್ಷ ಅರ್ಜಿಗಳು ಸೇರಿದ್ದವು, ಅರ್ಧಕ್ಕಿಂತ ಹೆಚ್ಚು ಗೇಣಿದಾರರ ಪರವಾಗಿ ತೀರ್ಮಾನವಾದವು.

ಒಡೆಯರೆಲ್ಲರೂ ದೊಡ್ಡ ಹಿಡುವಳಿದಾರರಾಗಿರಲಿಲ್ಲ ಎಂಬುದನ್ನೂ ಇಲ್ಲಿ ಹೇಳಬೇಕು. ಎರಡು ಮೂರು ಎಕರೆಯ ಗೇಣಿಯಲ್ಲೇ ಜೀವನ ಸಾಗಿಸುತ್ತಿದ್ದ ವಿಧವೆಯರು, ಅರ್ಚಕ ಮನೆತನಗಳು ಅದನ್ನೂ ಕಳೆದುಕೊಂಡರು. ಮಲೆನಾಡು ಮತ್ತು ಕರಾವಳಿಯಲ್ಲಿ ಈ ಕಹಿ ಇಂದಿಗೂ ಪೂರ್ತಿ ಆರಿಲ್ಲ. ಹೆಚ್ಚು ಗಂಭೀರವಾದ ಕೊರತೆ ಮತ್ತೊಂದು ತುದಿಯಲ್ಲಿತ್ತು. ಕಾಯ್ದೆ ಗುರುತಿಸಿದ್ದು ಗೇಣಿದಾರನನ್ನು. ಗೇಣಿದಾರನ ಗದ್ದೆಯಲ್ಲೋ ಒಡೆಯನ ಗದ್ದೆಯಲ್ಲೋ ಕೂಲಿಗೆ ದುಡಿಯುತ್ತಿದ್ದ, ಬಹುಪಾಲು ದಲಿತರಾದ ಕೃಷಿ ಕಾರ್ಮಿಕರಿಗೆ ವಾಸದ ಮನೆಯ ಜಾಗದ ಹಕ್ಕು ಸಿಕ್ಕಿತೇ ಹೊರತು ಗದ್ದೆ ಸಿಗಲಿಲ್ಲ. ಮಿತಿಗಿಂತ ಹೆಚ್ಚಿನ ಭೂಮಿಯನ್ನು ಪಡೆದು ಅವರಿಗೆ ಹಂಚುವ ಭಾಗ, ಗೇಣಿ ರದ್ದತಿಯ ಭಾಗದಷ್ಟು ಎಂದೂ ಫಲ ಕೊಡಲಿಲ್ಲ.

ಹೀಗೆ ಹೊರಗುಳಿದವರ, ಹಿನ್ನೀರಿನಿಂದ ಎದ್ದುಬಂದವರ, ಗೇಣಿಯ ಕಾಲದಲ್ಲಿ ಒಕ್ಕಲೆದ್ದವರ ಸಾಗುವಳಿ ಸರ್ಕಾರಿ ಭೂಮಿಯ ಮೇಲೆ, ಅಂದರೆ ಅಪ್ಪಣೆಯಿಲ್ಲದೆ ಉಳುವ ಬಗರ್‌ಹುಕುಂ ಜಮೀನಿನಲ್ಲಿ ಬೆಳೆಯಿತು. ಸೊರಬದ ದೀವರ ಸಮುದಾಯದಿಂದ ಬಂದ ಎಸ್. ಬಂಗಾರಪ್ಪ ಮುಖ್ಯಮಂತ್ರಿಯಾಗಿದ್ದ 1991ರಲ್ಲಿ ಅದನ್ನು ಸಕ್ರಮಗೊಳಿಸಲು ನಮೂನೆ 50ರಲ್ಲಿ ಅರ್ಜಿ ಕರೆಯಲಾಯಿತು. ಆ ಮೇಲೆ ನಮೂನೆ 53, ಅದರ ಮೇಲೆ ನಮೂನೆ 57. ಕಾಗದದಲ್ಲಿ ಹೆಸರು ಬರೆಸಿಕೊಳ್ಳುವ ಹಳೆಯ ಹೋರಾಟ ನಮೂನೆಗಳ ಸಂಖ್ಯೆ ಬದಲಿಸುತ್ತ ಮುಂದುವರಿಯಿತು ಎನ್ನಬಹುದು. ಜಮೀನು ಅರಣ್ಯದ ದಾಖಲೆಯಲ್ಲಿದ್ದರೆ ಇವು ಯಾವುವೂ ಉಪಯೋಗಕ್ಕೆ ಬರುವುದಿಲ್ಲ, ಶರಾವತಿ ಮುಳುಗಡೆಯವರ ಹಕ್ಕುಪತ್ರದ ತಕರಾರು ದಶಕಗಳಿಂದ ಬಗೆಹರಿಯದಿರುವುದಕ್ಕೆ ಇದೇ ಕಾರಣ. ಇನ್ನು 2020ರ ತಿದ್ದುಪಡಿಯು ಭೂಸುಧಾರಣಾ ಕಾಯ್ದೆಯ 79ಎ ಮತ್ತು 79ಬಿ ಕಲಮುಗಳನ್ನು ತೆಗೆದುಹಾಕಿ ಕೃಷಿಕರಲ್ಲದವರೂ ಕೃಷಿ ಭೂಮಿ ಕೊಳ್ಳಲು ದಾರಿ ಮಾಡಿತು. ಗೇಣಿ ರದ್ದತಿಯನ್ನು ಅದು ಮುಟ್ಟಲಿಲ್ಲ, ಆದರೆ ಗೇಣಿಯಿಂದ ಬಿಡುಗಡೆಯಾದ ಎಕರೆ ಎರಡು ಎಕರೆಯ ತುಂಡುಗಳು ಯಾರ ಕೈ ಸೇರುತ್ತವೆ ಎಂಬುದು ಆಗಿನಿಂದ ಮಾರುಕಟ್ಟೆಗೆ ಬಿಟ್ಟ ವಿಷಯವಾಗಿದೆ.

ಗೇಣಿದಾರರ ಕುಟುಂಬಗಳ ಒಳಗೂ ಒಂದು ಲೆಕ್ಕ ಬಾಕಿ ಉಳಿದಿತ್ತು. ನಮೂನೆ 7 ಸಾಮಾನ್ಯವಾಗಿ ಮನೆಯ ಹಿರಿಯ ಗಂಡಸಿನ ಹೆಸರಿನಲ್ಲಿ ಹೋಯಿತು. ಅದು ಅವನೊಬ್ಬನಿಗೆ ಸಿಕ್ಕ ಹಕ್ಕೋ, ಅವಿಭಕ್ತ ಕುಟುಂಬಕ್ಕೆ ಸಿಕ್ಕ ಹಕ್ಕೋ ಎಂಬ ಬಗ್ಗೆ ತಮ್ಮಂದಿರು ಹೂಡಿದ ದಾವೆಗಳು ನ್ಯಾಯಾಲಯಗಳಲ್ಲಿ ವರ್ಷಗಟ್ಟಲೆ ನಡೆದವು. ಹೆಣ್ಣುಮಕ್ಕಳ ಪಾಲಿನ ಪ್ರಶ್ನೆ ಹಿಂದೂ ಉತ್ತರಾಧಿಕಾರ ಕಾಯ್ದೆಗೆ ಬಂದ 1994ರ ರಾಜ್ಯದ ತಿದ್ದುಪಡಿ, 2005ರ ಕೇಂದ್ರದ ತಿದ್ದುಪಡಿಗಳ ಬಳಿಕವಷ್ಟೇ ಬಲ ಪಡೆಯಿತು. ಹಾಗಾಗಿ 1951ರಲ್ಲಿ ಗಂಡಸರ ಜೊತೆ ಗದ್ದೆಗಿಳಿದ ಹೆಂಗಸರಲ್ಲಿ ಬಹುತೇಕರ ಹೆಸರು, ಊರಿಗೆ ಹಕ್ಕು ಬಂದ ಮೇಲೂ ಪಹಣಿಯ ಯಾವ ಕಾಲಮಿನಲ್ಲೂ ಸೇರಲಿಲ್ಲ.