ಹೊಸ್ತಿಲು ದಾಟುವ ಲೆಕ್ಕ

2008ರ ಜನವರಿಯಲ್ಲಿ ಟುನೀಶಿಯಾದ ರೆದೆಯೆಫ್ ಎಂಬ ಗಣಿ ಊರಿನಲ್ಲಿ ಜನ ಬೀದಿಗಿಳಿದರು. ಫಾಸ್ಫೇಟ್ ಗಣಿ ಕಂಪನಿಯ ನೌಕರಿಗೆ ಆಯ್ಕೆಯಾದವರ ಪಟ್ಟಿ ಹೊರಬಿದ್ದಿತ್ತು. ವಶೀಲಿ ಇದ್ದವರಿಗಷ್ಟೇ ಕೆಲಸ ಸಿಕ್ಕಿದೆ ಅನ್ನುವುದು ಊರಿನವರ ಸಿಟ್ಟು. ಧರಣಿ, ಮೆರವಣಿಗೆ ಸುಮಾರು ಆರು ತಿಂಗಳು ನಡೆದವು. ಪೊಲೀಸರು ಊರನ್ನು ಸುತ್ತುವರಿದರು. ಸಾವುಗಳಾದವು, ನೂರಾರು ಮಂದಿ ಜೈಲು ಸೇರಿದರು. ಇಷ್ಟಾದರೂ ಆ ಗಣಿ ಸೀಮೆ ಬಿಟ್ಟು ಆಚೆಗೆ ಅದರ ಬಿಸಿ ತಟ್ಟಲೇ ಇಲ್ಲ.

ಮೂರು ವರ್ಷ ತುಂಬುವ ಹೊತ್ತಿಗೆ, 2010ರ ಡಿಸೆಂಬರ್ 17ರಂದು, ಅಲ್ಲಿಂದ ತೀರಾ ದೂರವೇನೂ ಇಲ್ಲದ ಸೀದಿ ಬೂಜಿದ್ ಎಂಬ ಊರಿನಲ್ಲಿ ಇನ್ನೊಂದು ಘಟನೆ ನಡೆಯಿತು. ತಳ್ಳುಗಾಡಿಯಲ್ಲಿ ಹಣ್ಣು ಮಾರುತ್ತಿದ್ದ ಮೊಹಮ್ಮದ್ ಬೂಅಜೀಜಿ, ಅಧಿಕಾರಿಗಳ ಕಾಟದಿಂದ ನೊಂದು, ಸರ್ಕಾರಿ ಕಚೇರಿಯ ಎದುರೇ ಬೆಂಕಿ ಹಚ್ಚಿಕೊಂಡರು. ಆಮೇಲೆ ಅಲ್ಲಿ ಸೇರಿದ ಜನರ ಪ್ರತಿಭಟನೆಯನ್ನು ಅವರ ಸಂಬಂಧಿಯೊಬ್ಬರು ಮೊಬೈಲ್‌ನಲ್ಲಿ ಹಿಡಿದು ಫೇಸ್‌ಬುಕ್‌ಗೆ ಹಾಕಿದರು. ಅಲ್ ಜಜೀರಾ ಅದನ್ನು ಎತ್ತಿಕೊಂಡು ಟಿವಿಯಲ್ಲಿ ತೋರಿಸಿತು. 28 ದಿನ ಕಳೆಯುವಷ್ಟರಲ್ಲಿ, 23 ವರ್ಷ ಆಳಿದ್ದ ಅಧ್ಯಕ್ಷ ಬೆನ್ ಅಲಿ ದೇಶ ಬಿಟ್ಟು ಓಡಿದರು.

ಎರಡೂ ಕಡೆ ಸಂಕಟ ಒಂದೇ ಥರದ್ದು. ಕೆಲಸವಿಲ್ಲ, ಲಂಚ ಜಾಸ್ತಿ, ಪೊಲೀಸರ ದರ್ಪ. ಹಾಗಾದರೆ ಬದಲಾಗಿದ್ದೇನು? ‘ಫೇಸ್‌ಬುಕ್ ಬಂತಲ್ಲ’ ಅಂತ ಥಟ್ಟನೆ ಹೇಳಬಹುದು. 2008ರಲ್ಲಿ ಅಲ್ಲಿ ಅದನ್ನು ಬಳಸುವವರು ತೀರಾ ಕಡಿಮೆ. 2010ರ ಕೊನೆಗೆ, ಒಂದು ಕೋಟಿ ಚಿಲ್ಲರೆ ಜನರ ಆ ದೇಶದಲ್ಲಿ ಸುಮಾರು 20 ಲಕ್ಷ ಮಂದಿ ಅದರಲ್ಲಿದ್ದರು. ಉತ್ತರ ತಪ್ಪಲ್ಲ, ಆದರೆ ಅರ್ಧ ಮಾತ್ರ. ಅಧ್ಯಕ್ಷರ ಕುಟುಂಬ ದುಡ್ಡು ಹೊಡೆಯುತ್ತಿದೆ ಅನ್ನುವುದು ಟುನೀಶಿಯಾದವರಿಗೆ ವಿಡಿಯೊ ನೋಡಿ ಗೊತ್ತಾಗಬೇಕಿರಲಿಲ್ಲ. ಅದು ಮನೆಮನೆಗೂ ಗೊತ್ತಿದ್ದ ಹಳೇ ಸುದ್ದಿ. ಹೊಸದಾಗಿ ಗೊತ್ತಾದದ್ದು ಇನ್ನೊಂದು: ತಮ್ಮ ಹಾಗೆ ಸಿಟ್ಟಾದವರು ಎಷ್ಟು ಜನ ಇದ್ದಾರೆ ಅನ್ನುವುದು.

ಇದಕ್ಕೊಂದು ಚಂದದ ಲೆಕ್ಕವಿದೆ. ಸಮಾಜವಿಜ್ಞಾನಿ ಮಾರ್ಕ್ ಗ್ರನೊವೆಟರ್ 1978ರಲ್ಲಿ ಮಂಡಿಸಿದ್ದು. ಒಂದು ಚೌಕದಲ್ಲಿ ನೂರು ಜನ ನಿಂತಿದ್ದಾರೆ ಅಂದುಕೊಳ್ಳಿ. ಎಲ್ಲರಿಗೂ ಸಿಟ್ಟಿದೆ. ಆದರೆ ಪ್ರತಿಯೊಬ್ಬರ ಮುಂದೆಯೂ ಕಣ್ಣಿಗೆ ಕಾಣದ ಒಂದು ಹೊಸ್ತಿಲಿದೆ. ಇಷ್ಟು ಜನ ಮುಂದೆ ಹೋದರೆ ನಾನೂ ಹೋಗುತ್ತೇನೆ ಅನ್ನುವ ಲೆಕ್ಕವೇ ಆ ಹೊಸ್ತಿಲು. ಒಬ್ಬ ಹುಂಬನ ಹೊಸ್ತಿಲು ಸೊನ್ನೆ. ಯಾರು ಬರಲಿ ಬಿಡಲಿ, ಅವನು ಹೊರಟ. ಇನ್ನೊಬ್ಬಳ ಹೊಸ್ತಿಲು ಒಂದು. ಒಬ್ಬ ಹೊರಟಿದ್ದು ಕಂಡಿತು, ಅವಳೂ ಹೊರಟಳು. ಮೂರನೆಯವನ ಹೊಸ್ತಿಲು ಎರಡು. ಹೀಗೇ 99ರವರೆಗೆ ಒಬ್ಬೊಬ್ಬರದು ಒಂದೊಂದು. ಸರಪಳಿ ಎಳೆದ ಹಾಗೆ ನೂರೂ ಜನ ಬೀದಿಗೆ ಬಂದರು.

ಈಗ ಒಂದೇ ಒಂದು ಬದಲಾವಣೆ ಮಾಡಿ. ಹೊಸ್ತಿಲು ಒಂದು ಇದ್ದವಳ ಜಾಗದಲ್ಲಿ, ಹೊಸ್ತಿಲು ಎರಡು ಇರುವ ಇನ್ನೊಬ್ಬಳನ್ನು ನಿಲ್ಲಿಸಿ. ಹುಂಬ ಮುಂದೆ ಹೋದ. ಹಿಂದೆ ತಿರುಗಿ ನೋಡಿದರೆ ಯಾರೂ ಇಲ್ಲ. ಅಲ್ಲಿಗೆ ಕಥೆ ಮುಗಿಯಿತು. ಮಾರನೇ ದಿನದ ಪತ್ರಿಕೆಯಲ್ಲಿ ಮೊದಲನೆಯದು ‘ಜನಾಕ್ರೋಶದ ಸ್ಫೋಟ’, ಎರಡನೆಯದು ‘ಕಿಡಿಗೇಡಿಯೊಬ್ಬನ ಪುಂಡಾಟ’. ಆದರೆ ಎರಡೂ ಗುಂಪುಗಳ ಸಿಟ್ಟು ಹೆಚ್ಚುಕಮ್ಮಿ ಒಂದೇ.

ಬೆಕ್ಕಿಗೆ ಗಂಟೆ ಕಟ್ಟುವವರು ಯಾರು ಅಂತ ಕೇಳುತ್ತೇವಲ್ಲ, ಅದು ಧೈರ್ಯದ ಪ್ರಶ್ನೆ ಅಂತ ನಾನೂ ಅಂದುಕೊಂಡಿದ್ದೆ. ಈ ಲೆಕ್ಕದ ಪ್ರಕಾರ ಅದು ನೋಟದ ಪ್ರಶ್ನೆಯೂ ಹೌದು. ಪಕ್ಕದವರು ಹೊರಟಿದ್ದು ನನಗೆ ಕಾಣುತ್ತದೆಯೋ ಇಲ್ಲವೋ? ಪತ್ರಿಕೆ, ಟಿವಿ ಎರಡೂ ಸರ್ಕಾರದ ಮುಷ್ಟಿಯಲ್ಲಿದ್ದಾಗ ಕಾಣುವುದಿಲ್ಲ. ಪ್ರತಿಯೊಬ್ಬರೂ ತಾವೊಬ್ಬರೇ ಸಿಟ್ಟಾಗಿದ್ದೇವೆ ಅಂದುಕೊಂಡು ಮನೆಯಲ್ಲಿರುತ್ತಾರೆ. ಮೊಬೈಲ್ ಹಿಡಿದ ಒಬ್ಬರು ಆ ಗೋಡೆಯಲ್ಲಿ ಕಿಂಡಿ ಕೊರೆಯುತ್ತಾರೆ. ಅಷ್ಟೇ ಅಲ್ಲ, ನಾನು ಆ ಕಿಂಡಿಯಲ್ಲಿ ನೋಡಿದ್ದನ್ನು ಇತರರೂ ನೋಡಿದ್ದಾರೆ ಅನ್ನುವುದು ಲೈಕು, ಶೇರುಗಳ ಸಂಖ್ಯೆಯಿಂದ ಗೊತ್ತಾಗುತ್ತದೆ. ಎಲ್ಲರಿಗೂ ಗೊತ್ತಿರುವುದು ಬೇರೆ, ಎಲ್ಲರಿಗೂ ಗೊತ್ತು ಅಂತ ಎಲ್ಲರಿಗೂ ಗೊತ್ತಿರುವುದು ಬೇರೆ. ಅರ್ಥಶಾಸ್ತ್ರದವರು ಈ ಎರಡನೆಯದಕ್ಕೆ ‘ಕಾಮನ್ ನಾಲೆಜ್’ ಅಂತ ಹೆಸರು ಇಟ್ಟಿದ್ದಾರೆ. ಅದನ್ನು ಕನ್ನಡಕ್ಕೆ ತಂದರೆ ‘ಸಾಮಾನ್ಯ ಜ್ಞಾನ’ ಅಂತಾಗಿ ಕ್ವಿಜ್ ನೆನಪಾಗುತ್ತದೆ, ಬಿಡಿ.

ಈ ವ್ಯತ್ಯಾಸ ಆಳುವವರಿಗೆ ಚೆನ್ನಾಗಿಯೇ ಗೊತ್ತಿದೆ. ಚೀನಾದಲ್ಲಿ ಯಾವ ಥರದ ಪೋಸ್ಟ್‌ಗಳನ್ನು ಅಳಿಸುತ್ತಾರೆ ಅಂತ ರಾಜಕೀಯ ಶಾಸ್ತ್ರಜ್ಞ ಗ್ಯಾರಿ ಕಿಂಗ್ ಮತ್ತು ಅವರ ಇಬ್ಬರು ಸಹೋದ್ಯೋಗಿಗಳು ಲಕ್ಷಾಂತರ ಪೋಸ್ಟ್‌ಗಳನ್ನು ಜಾಲಾಡಿ ನೋಡಿದರು. 2013ರಲ್ಲಿ ಫಲಿತಾಂಶ ಪ್ರಕಟವಾಯಿತು. ಸರ್ಕಾರವನ್ನು, ನಾಯಕರನ್ನು ಬೈದರೆ ಅಳಿಸುತ್ತಾರೆ ಅಂದುಕೊಂಡಿದ್ದವರಿಗೆ ಅಚ್ಚರಿ ಕಾದಿತ್ತು. ಬೈಗುಳ ಬಹುಪಾಲು ಹಾಗೇ ಉಳಿದಿತ್ತು. ಅಳಿಸಿದ್ದು ಜನ ಒಂದೆಡೆ ಸೇರುವ ಸಾಧ್ಯತೆ ಇದ್ದ ವಿಷಯಗಳನ್ನು. ಅಂಥ ವಿಷಯದಲ್ಲಿ ಸರ್ಕಾರದ ಪರ ಬರೆದ ಪೋಸ್ಟ್‌ಗಳೂ ಕತ್ತರಿಗೆ ಸಿಕ್ಕಿದ್ದವು! ಅವರ ಭಯ ಮಾತಿನದಲ್ಲ, ಹೊಸ್ತಿಲಿನದು.

ಇಷ್ಟು ಜಾಣ್ಮೆ ಇಲ್ಲದವರು ಸೀದಾ ಪ್ಲಗ್ ಕೀಳುತ್ತಾರೆ. ಈಜಿಪ್ಟ್‌ನಲ್ಲಿ ಹೊಸ್ನಿ ಮುಬಾರಕ್ ಸರ್ಕಾರ 2011ರ ಜನವರಿ 27ರ ರಾತ್ರಿ ಇಂಟರ್‌ನೆಟ್ ಕಡಿದುಹಾಕಿತು. ಮರುದಿನ ಜನ ಕಡಿಮೆಯಾಗಲಿಲ್ಲ. ಏನಾಗುತ್ತಿದೆ ಅಂತ ಮನೆಯಲ್ಲಿ ಕೂತು ನೋಡುವ ದಾರಿ ಮುಚ್ಚಿದ ಮೇಲೆ ನೋಡಲಿಕ್ಕೆ ಹೊರಗೇ ಬರಬೇಕಾಯಿತು. ಅಲ್ಲದೆ, ಇಂಟರ್‌ನೆಟ್ ನಿಲ್ಲಿಸಿದ್ದಾರೆ ಅನ್ನುವುದೇ ಇಡೀ ದೇಶಕ್ಕೆ ಒಂದೇ ಸಲ ತಲುಪಿದ ಸುದ್ದಿಯಾಯಿತು. ನೇಪಾಳದ ಕಥೆಯೂ ಹೆಚ್ಚುಕಮ್ಮಿ ಹೀಗೇ. 2025ರ ಸೆಪ್ಟೆಂಬರ್ 4ರಂದು 26 ಸಾಮಾಜಿಕ ಜಾಲತಾಣಗಳಿಗೆ ನಿಷೇಧ, 9ರಂದು ಪ್ರಧಾನಿ ಓಲಿಯವರ ರಾಜೀನಾಮೆ. ನಡುವೆ ಗುಂಡಿಗೆ ಬಲಿಯಾದ ಹುಡುಗ ಹುಡುಗಿಯರನ್ನು ಮರೆತು ಇದನ್ನು ತಮಾಷೆಯಾಗಿ ಹೇಳುವ ಹಾಗಿಲ್ಲ.

ಆದರೂ ಎಲ್ಲ ಕೀರ್ತಿಯನ್ನು ಮೊಬೈಲ್‌ಗೆ ಕೊಡುವುದು ಅವಸರ. ಈಜಿಪ್ಟ್ ರಾಜಧಾನಿ ಕೈರೋದ ತಹ್ರೀರ್ ಚೌಕಕ್ಕೆ ಬಂದಿದ್ದ ಸಾವಿರಕ್ಕೂ ಹೆಚ್ಚು ಜನರನ್ನು ಜೈನೆಪ್ ತುಫೆಕ್ಚಿ, ಕ್ರಿಸ್ಟೋಫರ್ ವಿಲ್ಸನ್ ಎಂಬ ಸಂಶೋಧಕರು ಮಾತಾಡಿಸಿದ್ದಾರೆ. ಪ್ರತಿಭಟನೆಯ ಸುದ್ದಿ ಮೊದಲು ಯಾರಿಂದ ತಿಳಿಯಿತು ಅಂದರೆ, ಹತ್ತಿರ ಹತ್ತಿರ ಅರ್ಧದಷ್ಟು ಜನ ಎದುರೆದುರು ಮಾತಿನಲ್ಲಿ ಅಂದರು. ಫೇಸ್‌ಬುಕ್ ಅಂದವರು ಕಾಲು ಭಾಗಕ್ಕಿಂತ ಸ್ವಲ್ಪ ಜಾಸ್ತಿ. ಕಿಡಿ ಪರದೆಯಲ್ಲಿ ಹೊತ್ತಿರಬಹುದು, ಅದನ್ನು ಊದಿದ್ದು ಬಾಯಿಮಾತು.

ಇನ್ನು ದಿನನಿತ್ಯದ ರಾಜಕೀಯ. ಕ್ರಾಂತಿ ಎಲ್ಲೋ ಅಪರೂಪಕ್ಕೆ ಆಗುವಂಥದ್ದು, ಚುನಾವಣೆ ಮಾತ್ರ ಬರುತ್ತಲೇ ಇರುತ್ತದೆ. ಮತದಾರರ ಕೈಗೆ ಸರಿಯಾದ ಮಾಹಿತಿ ಕೊಟ್ಟರೆ ಅವರು ಭ್ರಷ್ಟರನ್ನು ಮನೆಗೆ ಕಳಿಸುತ್ತಾರೆ ಅಲ್ವಾ? ಸಂಶೋಧಕರ ಒಂದು ದೊಡ್ಡ ತಂಡ ಬೆನಿನ್, ಬ್ರೆಜಿಲ್, ಬುರ್ಕಿನಾ ಫಾಸೊ, ಮೆಕ್ಸಿಕೊ, ಉಗಾಂಡಾಗಳಲ್ಲಿ ಇದನ್ನೇ ಪರೀಕ್ಷಿಸಿತು. ಅಧಿಕಾರದಲ್ಲಿದ್ದವರ ಕೆಲಸದ ಬಗ್ಗೆ ಮತದಾರರಿಗೆ ಮಾಹಿತಿ ಮುಟ್ಟಿಸಿ, ಮತದಲ್ಲಿ ಏನು ಬದಲಾಯಿತು ನೋಡಿತು. 2019ರಲ್ಲಿ ಒಟ್ಟಾರೆ ಫಲಿತಾಂಶ ಬಂತು: ಏನೂ ಇಲ್ಲ. ನಿರಾಸೆಯ ಫಲಿತಾಂಶಗಳು ಸಾಮಾನ್ಯವಾಗಿ ಕಪಾಟು ಸೇರುತ್ತವೆ. ಇವರು ಮೊದಲೇ ಮಾತು ಕೊಟ್ಟಂತೆ ಎಲ್ಲವನ್ನೂ ಪ್ರಕಟಿಸಿದರು ಅನ್ನುವುದು ನನಗೆ ಹಿಡಿಸಿದ ಸಂಗತಿ.

ಹಾಗಂತ ಮಾಹಿತಿಗೆ ಬೆಲೆಯೇ ಇಲ್ಲವೇ? ಅದೇ ಉಗಾಂಡಾದಲ್ಲಿ 1991ರಿಂದ 95ರವರೆಗೆ, ಶಾಲೆಗಳಿಗೆ ಅಂತ ಸರ್ಕಾರ ಕಳಿಸಿದ ತಲಾವಾರು ಅನುದಾನದಲ್ಲಿ ಶಾಲೆ ಮುಟ್ಟುತ್ತಿದ್ದದ್ದು ಸರಾಸರಿ ಶೇ. 13 ಮಾತ್ರ. ಉಳಿದದ್ದು ದಾರಿಯಲ್ಲೇ ಇಂಗುತ್ತಿತ್ತು. ಈ ಲೆಕ್ಕ ಹೊರಬಿದ್ದ ಮೇಲೆ, ಪ್ರತಿ ಜಿಲ್ಲೆಗೆ ಎಷ್ಟು ಹಣ ಹೋಯಿತು ಅಂತ ಸರ್ಕಾರ ಪತ್ರಿಕೆಗಳಲ್ಲಿ ಹಾಕಿಸತೊಡಗಿತು. ಶಾಲೆಗಳೂ ಬಂದ ಹಣದ ವಿವರವನ್ನು ಎಲ್ಲರ ಕಣ್ಣಿಗೆ ಬೀಳುವ ಹಾಗೆ ಅಂಟಿಸಬೇಕಾಯಿತು. 2001ರ ಹೊತ್ತಿಗೆ ಶೇ. 80ಕ್ಕೂ ಹೆಚ್ಚು ಹಣ ಶಾಲೆ ಮುಟ್ಟುತ್ತಿತ್ತು. ನಡುವೆ ಬೇರೆ ಸುಧಾರಣೆಗಳೂ ಆಗಿದ್ದವು, ಪೂರ್ತಿ ಶ್ರೇಯ ಪತ್ರಿಕೆಗೆ ಸಲ್ಲದು. ಆದರೂ ನನಗನ್ನಿಸುವುದು ಇಷ್ಟು: ಕೈಗೆ ಬಂದ ಕರಪತ್ರ ನನ್ನೊಬ್ಬನ ಗುಟ್ಟು. ಶಾಲೆಯ ಗೋಡೆಯ ಮೇಲಿನ ಅಂಕಿ ಇಡೀ ಊರಿನದು. ಅದನ್ನು ನೋಡಿದ ತಂದೆತಾಯಿಗೆ, ಪಕ್ಕದ ಮನೆಯವರೂ ಅದನ್ನು ನೋಡಿದ್ದಾರೆ ಅಂತ ಗೊತ್ತು. ಮುಖ್ಯೋಪಾಧ್ಯಾಯರಿಗೂ ಗೊತ್ತು.

ಹೊಸ್ತಿಲಿನ ಲೆಕ್ಕಕ್ಕೆ ಒಂದು ಕೆಟ್ಟ ಗುಣವಿದೆ. ಜನ ಯಾತಕ್ಕೆ ಹೊರಟರು ಅಂತ ಅದು ಕೇಳುವುದಿಲ್ಲ. ಸರ್ವಾಧಿಕಾರಿಯ ವಿರುದ್ಧ ನಡೆದಷ್ಟೇ ಸಲೀಸಾಗಿ ಅದು ಪಕ್ಕದ ಬೀದಿಯ ಅಮಾಯಕರ ವಿರುದ್ಧವೂ ನಡೆಯುತ್ತದೆ. ಮ್ಯಾನ್ಮಾರ್‌ನಲ್ಲಿ 2014ರವರೆಗೆ ಸಿಮ್ ಕಾರ್ಡ್ ಅಂದರೆ ಶ್ರೀಮಂತರ ವಸ್ತು. ಹೊಸ ಕಂಪನಿಗಳು ಬಂದದ್ದೇ ತಡ, ಬೆಲೆ ಪಾತಾಳಕ್ಕಿಳಿಯಿತು. ಇಡೀ ದೇಶ ಒಮ್ಮೆಲೇ ಫೇಸ್‌ಬುಕ್‌ಗೆ ಬಂತು. ಅಲ್ಲಿ ಅಲ್ಪಸಂಖ್ಯಾತ ಮುಸ್ಲಿಮರಾದ ರೋಹಿಂಗ್ಯಾಗಳ ಮೇಲೆ ದ್ವೇಷ ಹರಿಯಿತು. 2017ರ ಆಗಸ್ಟ್ ನಂತರ 7 ಲಕ್ಷಕ್ಕೂ ಹೆಚ್ಚು ರೋಹಿಂಗ್ಯಾಗಳು ಬಾಂಗ್ಲಾದೇಶಕ್ಕೆ ಓಡಿದರು. ಹಿಂಸೆಗೆ ತನ್ನ ವೇದಿಕೆ ಬಳಕೆಯಾಗದಂತೆ ತಡೆಯಲು ಸಾಕಷ್ಟು ಮಾಡಲಿಲ್ಲ ಅಂತ ಫೇಸ್‌ಬುಕ್ ಕೂಡ 2018ರಲ್ಲಿ ಒಪ್ಪಿಕೊಂಡಿತು. ಇದರಲ್ಲೊಂದು ಸಣ್ಣ ತಾಂತ್ರಿಕ ತೊಡಕೂ ಇತ್ತು. ಅಲ್ಲಿ ಬಹಳ ಮಂದಿ ಬಳಸುತ್ತಿದ್ದದ್ದು ಎಲ್ಲ ಕಂಪ್ಯೂಟರ್‌ಗಳೂ ಓದಬಲ್ಲ ಯೂನಿಕೋಡ್ ಅಲ್ಲ, ಝೌಜಿ ಎಂಬ ಫಾಂಟ್ ವ್ಯವಸ್ಥೆ. ‘ನುಡಿ’ ತಂತ್ರಾಂಶದ ಹಳೇ ಕಡತವನ್ನು ಆ ಫಾಂಟ್ ಇಲ್ಲದ ಕಂಪ್ಯೂಟರ್‌ನಲ್ಲಿ ತೆರೆದು ಪರದಾಡಿದವರಿಗೆ ಇದು ಬೇಗ ಅರ್ಥವಾಗುತ್ತದೆ. ದ್ವೇಷದ ಮಾತು ಹುಡುಕಬೇಕಾದ ಯಂತ್ರಕ್ಕೆ ಅಕ್ಷರವೇ ಸರಿಯಾಗಿ ಓದಲು ಬರುತ್ತಿರಲಿಲ್ಲ.

ಸುಳ್ಳಿಗೆ ಕಾಲು ಗಟ್ಟಿ ಅನ್ನುವುದಕ್ಕೂ ಅಳತೆ ಸಿಕ್ಕಿದೆ. 2006ರಿಂದ 2017ರವರೆಗೆ ಟ್ವಿಟರ್‌ನಲ್ಲಿ ಹರಿದಾಡಿದ ಸುಮಾರು 1,26,000 ಸುದ್ದಿ ಸರಪಳಿಗಳನ್ನು ಅಮೆರಿಕದ ಎಂಐಟಿಯ ಸಂಶೋಧಕರು ಅಳೆದರು. 1,500 ಜನರನ್ನು ಮುಟ್ಟಲು ನಿಜಕ್ಕೆ ಸುಳ್ಳಿಗಿಂತ ಆರು ಪಟ್ಟು ಹೆಚ್ಚು ಸಮಯ ಬೇಕಾಯಿತು. ಹರಡಿದ್ದು ತಂತಾನೇ ಟ್ವೀಟ್ ಮಾಡುವ ಯಂತ್ರಗಳೇ ಅಂತ ಜಾರಿಕೊಳ್ಳಲೂ ಆಗದು, ಮುಖ್ಯವಾಗಿ ಮನುಷ್ಯರೇ. ವಾಟ್ಸ್‌ಆ್ಯಪ್ ಈ ಸರಪಳಿಗೆ ಸುಮ್ನೆ ಒಂದು ಕಲ್ಲು ಅಡ್ಡ ಇಟ್ಟಿತು. 2020ರ ಏಪ್ರಿಲ್‌ನಿಂದ, ಬಹಳ ಸಲ ಫಾರ್ವರ್ಡ್ ಆದ ಸಂದೇಶವನ್ನು ಒಂದು ಸಲಕ್ಕೆ ಒಬ್ಬರಿಗೆ ಅಥವಾ ಒಂದು ಗುಂಪಿಗೆ ಮಾತ್ರ ಕಳಿಸಬಹುದು. ಅಂಥ ಸಂದೇಶಗಳು ಶೇ. 70ರಷ್ಟು ಇಳಿದವು ಅಂತ ಕಂಪನಿ ಹೇಳಿಕೊಂಡಿತು. ಯಾರ ಬಾಯಿಯನ್ನೂ ಮುಚ್ಚಲಿಲ್ಲ, ಹೊಸ್ತಿಲನ್ನು ಒಂದಿಷ್ಟು ಎತ್ತರಿಸಿದ್ದು ಅಷ್ಟೇ.

ಹಾಗಾಗಿಯೇ ನಾಗರಿಕ ಪತ್ರಿಕೋದ್ಯಮದಲ್ಲಿ, ಅಂದರೆ ಸಾಮಾನ್ಯ ಜನರೇ ಸುದ್ದಿ ಹಿಡಿದು ಹಂಚುವಲ್ಲಿ, ನಿಜವಾದ ಕೌಶಲ ಇರುವುದು ವಿಡಿಯೊ ಹಿಡಿಯುವುದರಲ್ಲಿ ಅಲ್ಲ, ಅದನ್ನು ಪರೀಕ್ಷಿಸುವುದರಲ್ಲಿ. 2018ರಲ್ಲಿ ಒಂದು ಭಯಾನಕ ವಿಡಿಯೊ ಹರಿದಾಡಿತು. ಸೈನಿಕರ ವೇಷದವರು ಇಬ್ಬರು ಹೆಂಗಸರನ್ನು, ಇಬ್ಬರು ಮಕ್ಕಳನ್ನು ಗುಂಡಿಟ್ಟು ಕೊಲ್ಲುತ್ತಾರೆ. ಅವರು ಕ್ಯಾಮರೂನ್ ಸೈನಿಕರು ಅನ್ನುವ ಆರೋಪ ಬಂದಾಗ, ಇದು ಸುಳ್ಳು ಸುದ್ದಿ ಎಂದಿತು ಆ ದೇಶದ ಸರ್ಕಾರ. ಬಿಬಿಸಿಯ ‘ಆಫ್ರಿಕಾ ಐ’ ಎಂಬ ತನಿಖಾ ತಂಡ, ಹೊರಗಿನ ಹವ್ಯಾಸಿ ಪತ್ತೇದಾರರ ಜೊತೆ ಸೇರಿ ವಿಡಿಯೊದ ಹಿನ್ನೆಲೆಯಲ್ಲಿದ್ದ ಬೆಟ್ಟಸಾಲಿನ ಅಂಚನ್ನು ಉಪಗ್ರಹ ನಕ್ಷೆಗಳ ಜೊತೆ ಹೋಲಿಸುತ್ತಾ ಹೋಯಿತು. ಆ ಅಂಚು ನೈಜೀರಿಯಾ ಗಡಿಯ ಹತ್ತಿರದ, ಕ್ಯಾಮರೂನ್‌ನ ಒಂದು ಹಳ್ಳಿಗೆ ಹೊಂದಿತು. ಯಾವ ಕಟ್ಟಡ ಎದ್ದಿದೆ, ಯಾವುದು ಇನ್ನೂ ಎದ್ದಿಲ್ಲ ಅಂತ ನೋಡಿ ವರ್ಷ ಹಿಡಿದರು. ನಡೆಯುವವರ ನೆರಳು ಬಿದ್ದ ಕೋನದಿಂದ ದಿನಗಳನ್ನು ಲೆಕ್ಕ ಹಾಕಿದರು: 2015ರ ಮಾರ್ಚ್ 20 ಮತ್ತು ಏಪ್ರಿಲ್ 5ರ ನಡುವೆ. ಸುಳ್ಳು ಎಂದಿದ್ದ ಸರ್ಕಾರವೇ ಸೈನಿಕರನ್ನು ಬಂಧಿಸಿತು. 2020ರಲ್ಲಿ ನಾಲ್ವರಿಗೆ 10 ವರ್ಷ ಜೈಲಾಯಿತು. ಸೂರ್ಯ ಸಾಕ್ಷಿ ಹೇಳಿದ ಇಂಥ ಮೊಕದ್ದಮೆಗಳು ಅಪರೂಪ.

ಬೀದಿಗೆ ಬಂದ ಮೇಲೆ ಮುಂದೇನು ಅನ್ನುವ ಪ್ರಶ್ನೆಗೆ ಮಾತ್ರ ಮೊಬೈಲ್ ಹತ್ತಿರ ಉತ್ತರವಿಲ್ಲ. ಮುಬಾರಕ್ ಇಳಿದರೂ ಈಜಿಪ್ಟ್‌ನಲ್ಲಿ 2013ಕ್ಕೆ ಸೈನ್ಯ ಮತ್ತೆ ಗದ್ದುಗೆ ಹಿಡಿಯಿತು. ಟುನೀಶಿಯಾದಲ್ಲಿ ಪ್ರಜಾಪ್ರಭುತ್ವ ಹತ್ತು ವರ್ಷ ಬಾಳಿದ್ದರಲ್ಲಿ 1946ರಿಂದ ಬೇರುಬಿಟ್ಟಿದ್ದ ಕಾರ್ಮಿಕ ಸಂಘಟನೆಯ ಪಾಲು ದೊಡ್ಡದು. ಅಲ್ಲೂ 2021ರಲ್ಲಿ ಅಧ್ಯಕ್ಷರು ಸಂಸತ್ತನ್ನು ಅಮಾನತಿನಲ್ಲಿಟ್ಟರು.

ಇದೆಲ್ಲಕ್ಕಿಂತ ನನಗೆ ಹೆಚ್ಚು ಇಷ್ಟವಾದದ್ದು ಒಂದು ಸಣ್ಣ, ನಿಧಾನದ ಪ್ರಯೋಗ. ಪತ್ರಕರ್ತ ಶುಭ್ರಾಂಶು ಚೌಧರಿ ಮತ್ತು ಸಂಗಡಿಗರು 2010ರಲ್ಲಿ ಛತ್ತೀಸ್‌ಗಢದ ಕಾಡುಪ್ರದೇಶಕ್ಕಾಗಿ ಶುರುಮಾಡಿದ ಸಿಜಿನೆಟ್ ಸ್ವರ ಎಂಬ ಫೋನ್ ಸುದ್ದಿಸೇವೆ. ಇದಕ್ಕೆ ಇಂಟರ್‌ನೆಟ್ ಬೇಡ, ಓದು ಬರಹ ಬೇಡ, ಸ್ಮಾರ್ಟ್‌ಫೋನೂ ಬೇಡ. ಒಂದು ನಂಬರಿಗೆ ಮಿಸ್ಡ್ ಕಾಲ್ ಕೊಟ್ಟರೆ ವಾಪಸ್ ಕರೆ ಬರುತ್ತದೆ. 1 ಒತ್ತಿದರೆ ನಿಮ್ಮ ಸುದ್ದಿ ಹೇಳಬಹುದು, 2 ಒತ್ತಿದರೆ ಬೇರೆಯವರದು ಕೇಳಬಹುದು. ಅಲ್ಲಿನ ಆದಿವಾಸಿಗಳ ಗೊಂಡಿ ಭಾಷೆಯಲ್ಲೂ ನಡೆಯುತ್ತದೆ. ಹೇಳಿದ್ದನ್ನು ಒಬ್ಬರು ಪರಿಶೀಲಿಸಿದ ಮೇಲೆಯೇ ಅದು ಎಲ್ಲರಿಗೂ ಕೇಳುತ್ತದೆ. ಕೈಪಂಪು ಕೆಟ್ಟಿದೆ, ಕೂಲಿ ಬಂದಿಲ್ಲ, ಮೇಷ್ಟ್ರು ಶಾಲೆಗೆ ಬರುತ್ತಿಲ್ಲ ಅನ್ನುವಂಥ ಸುದ್ದಿಗಳು. ಕೊನೆಗೆ ಸಂಬಂಧಪಟ್ಟ ಅಧಿಕಾರಿಯ ಹೆಸರು, ಫೋನ್ ನಂಬರ್ ಹೇಳಿ, ಕೇಳುಗರು ದಯವಿಟ್ಟು ಇವರಿಗೆ ಕರೆ ಮಾಡಿ ಅನ್ನುತ್ತಾರೆ. ಎಲ್ಲೋ ದೂರದ ಊರುಗಳಿಂದ, ಗುರುತು ಪರಿಚಯ ಇಲ್ಲದವರಿಂದ ಆ ಅಧಿಕಾರಿಯ ಫೋನ್ ಬಡಿದುಕೊಳ್ಳತೊಡಗುತ್ತದೆ. ಎಲ್ಲ ಸಲವೂ ಕೆಲಸ ಆಗುವುದಿಲ್ಲ. ಆದಾಗ, ದೂರು ಹೇಳಿದ್ದವರೇ ಮತ್ತೆ ಅದೇ ನಂಬರಿಗೆ ಕರೆ ಮಾಡಿ, 1 ಒತ್ತಿ, ಪಂಪು ರಿಪೇರಿ ಆಯಿತು, ಕರೆ ಮಾಡಿದವರಿಗೆಲ್ಲ ವಂದನೆ ಅಂತ ಹೇಳಿ ಇಡುತ್ತಾರೆ.