ಪಾಟ್ಸ್‌ಡಾಮರ್ ಪ್ಲಾಟ್ಸ್ ಹುಡುಕಿದ ಮುದುಕ

ಬರ್ಲಿನ್ ಗೋಡೆಯ ಪಕ್ಕ ಹುಲ್ಲು ಬೆಳೆದ ಖಾಲಿ ಬಯಲು. ಅಲ್ಲೊಬ್ಬ ಮುದುಕ ಪಾಟ್ಸ್‌ಡಾಮರ್ ಪ್ಲಾಟ್ಸ್ ಅನ್ನೋ ಊರ ನಡುವಿನ ಚೌಕ ಎಲ್ಲಿ ಅಂತ ಹುಡುಕುತ್ತಿದ್ದಾನೆ. ಇಲ್ಲೇ ಎಲ್ಲೋ ಯೋಸ್ಟಿ ಕೆಫೆ ಇತ್ತಲ್ಲ ಎಂದು ಗೊಣಗುತ್ತಾನೆ. ಇದು ವಿಮ್ ವೆಂಡರ್ಸ್ ನಿರ್ದೇಶಿಸಿದ, 1987ರ ‘ವಿಂಗ್ಸ್ ಆಫ್ ಡಿಸೈರ್’ ಚಿತ್ರದ ದೃಶ್ಯ. ಮುದುಕನ ಪಾತ್ರ ಮಾಡಿದವರು ಕುರ್ಟ್ ಬೊಯ್ಸ್. ಅವರ ಬದುಕು ಗೊತ್ತಿದ್ದವರಿಗೆ ಈ ದೃಶ್ಯ ಬರೀ ನಟನೆಯಾಗಿ ಕಾಣುವುದಿಲ್ಲ.

ಬೊಯ್ಸ್ ಹುಟ್ಟಿದ್ದು 1901ರಲ್ಲಿ, ಬರ್ಲಿನ್‌ನಲ್ಲೇ. ಏಳನೇ ವಯಸ್ಸಿಗೇ ರಂಗ ಹತ್ತಿದರು. ಮೂಕಿ ಚಿತ್ರಗಳ ಕಾಲಕ್ಕೆ ಜನ ಮೆಚ್ಚಿದ ಹಾಸ್ಯನಟ. 1927ರ ಒಂದು ಹಾಸ್ಯ ಚಿತ್ರದಲ್ಲಿ ಹೆಣ್ಣುವೇಷವನ್ನೂ ಹಾಕಿದ್ದರು.

1933ರಲ್ಲಿ ಹಿಟ್ಲರ್ ಅಧಿಕಾರಕ್ಕೆ ಬಂದ. ಮಾರ್ಚ್ ಕೊನೆಯಲ್ಲೇ ದೊಡ್ಡ ಚಿತ್ರಸಂಸ್ಥೆ ಉಫಾ ತನ್ನ ಯಹೂದಿ ಕೆಲಸಗಾರರನ್ನು ತೆಗೆದುಹಾಕಲು ತೀರ್ಮಾನಿಸಿತು. ಯಹೂದಿಯಾದ ಬೊಯ್ಸ್ ದೇಶ ಬಿಟ್ಟರು. ಕೊನೆಗೆ ಅಮೆರಿಕ ಸೇರಿದರು. ಕ್ಯಾಮೆರಾದವನು ಎಲ್ಲಿ ಹೋದರೂ ಕೆಲಸ ಮಾಡಬಹುದು, ನಟನಿಗೆ ನಾಲಿಗೆಯೇ ಬಂಡವಾಳ ಅಲ್ವಾ? ಜರ್ಮನ್ ಉಚ್ಚಾರಣೆಯವರಿಗೆ ಹಾಲಿವುಡ್‌ನಲ್ಲಿ ಸಿಗುತ್ತಿದ್ದದ್ದು ಜಾಸ್ತಿ ಸಣ್ಣ ಪಾತ್ರಗಳೇ. 1942ರ ‘ಕಾಸಾಬ್ಲಾಂಕಾ’ದಲ್ಲಿ ಬೊಯ್ಸ್ ಜೇಬುಗಳ್ಳ. ಹುಷಾರು, ಇಲ್ಲೆಲ್ಲ ರಣಹದ್ದುಗಳೇ ಎಂದು ಒಬ್ಬ ಪ್ರವಾಸಿಗೆ ಎಚ್ಚರಿಸುತ್ತಲೇ ಅವನ ಪರ್ಸ್ ಎಗರಿಸುತ್ತಾನೆ. ಒಂದೆರಡು ನಿಮಿಷದ ಕೆಲಸ, ಆದರೂ ಮರೆಯಲಾಗದು.

ಆ ಹೊತ್ತಿಗೆ ಜರ್ಮನಿಯಲ್ಲಿ ಅವರದೇ ಹಳೆಯ ಹಾಸ್ಯದ ತುಣುಕನ್ನು ನಾಜಿಗಳು ಬೇರೆಯದಕ್ಕೇ ಬಳಸಿಕೊಂಡಿದ್ದರು. ಯಹೂದಿಗಳ ಮೇಲೆ ದ್ವೇಷ ಕಾರಲೆಂದೇ 1940ರಲ್ಲಿ ಮಾಡಿದ ಪ್ರಚಾರಚಿತ್ರದಲ್ಲಿ ಆ ಹೆಣ್ಣುವೇಷದ ದೃಶ್ಯ ಸೇರಿಸಿದರು. ಜನರನ್ನು ನಗಿಸಿದ ಮುಖವನ್ನೇ ಯಹೂದಿಗಳ ವಿರುದ್ಧ ತೋರಿಸುವುದು ನನಗೆ ಈಗಲೂ ಸಹಿಸಲಾಗದ ಕ್ರೌರ್ಯ.

ಆದರೂ 1950ರಲ್ಲಿ ಬೊಯ್ಸ್ ಬರ್ಲಿನ್‌ಗೆ ವಾಪಸ್ ಬಂದರು. ಮೊದಲು ಕಮ್ಯುನಿಸ್ಟ್ ಆಡಳಿತದ ಪೂರ್ವ ಭಾಗಕ್ಕೆ. ಅಲ್ಲಿ ನಾಟಕಕಾರ ಬ್ರೆಕ್ಟ್ ತಂಡದಲ್ಲಿ, ಬ್ರೆಕ್ಟ್ ನಾಟಕದ ಜಮೀನ್ದಾರ ಪುಂತಿಲನ ಪಾತ್ರ ಮಾಡಿ, ಆಮೇಲೆ ಪಶ್ಚಿಮಕ್ಕೆ ಹೋದರು. 1961ರಲ್ಲಿ ಎದ್ದ ಗೋಡೆ ಅವರ ಊರನ್ನೇ ಸೀಳಿತು. ಬಾಂಬಿಗೆ ಪುಡಿಯಾಗಿದ್ದ ಪಾಟ್ಸ್‌ಡಾಮರ್ ಪ್ಲಾಟ್ಸ್ ಆ ಗೋಡೆಯಂಚಿನ ಬಯಲಾಯಿತು.

ವೆಂಡರ್ಸ್ ಚಿತ್ರದ ಆ ಪಾತ್ರಕ್ಕೆ 1988ರಲ್ಲಿ, ಯುರೋಪಿಯನ್ ಚಿತ್ರ ಪ್ರಶಸ್ತಿ ಶುರುವಾದ ವರ್ಷವೇ, ಬೊಯ್ಸ್‌ಗೆ ಅತ್ಯುತ್ತಮ ಪೋಷಕ ನಟ ಗೌರವ ಬಂತು. ಆಗ ಅವರಿಗೆ 87 ವರ್ಷ. ಮರುವರ್ಷ ಗೋಡೆ ಬಿತ್ತು. 1991ರ ಕ್ರಿಸ್‌ಮಸ್ ದಿನ ಬೊಯ್ಸ್ ತೀರಿಕೊಂಡರು, ಹುಟ್ಟಿದ ಊರಲ್ಲೇ.